ಹೊಸ ಬಟ್ಟೆಯನ್ನು ಹಳೆಯದು ಮಾಡುವ ಓಜೆಲ್ಲಾ

ಶಿಕಾಗೋದಲ್ಲಿ ಇನ್ನೂ ಬೆಳಕು ಹರಿದಿಲ್ಲ. ಸರೋವರದ ಕಡೆಯಿಂದ ಬೀಸುವ ಗಾಳಿಗೆ ನಮ್ಮ ಕೇರಿಯವರು 'ಗಿಡುಗ' ಎಂದು ಹೆಸರಿಟ್ಟಿದ್ದಾರೆ. ಆ ಗಿಡುಗ ಈ ಹೊತ್ತಿಗೇ ಬೀದಿಗಿಳಿದವರ ಕಿವಿ ಕುಕ್ಕುತ್ತಿದೆ. ಟೆಲಿವಿಷನ್ ಕಟ್ಟಡದ ನೆಲಮಾಳಿಗೆಯಲ್ಲಿ ಮಾತ್ರ ಬೆಚ್ಚಗಿದೆ. ಅಲ್ಲೊಂದು ಬಾಯ್ಲರು, ಒಂದು ದೊಡ್ಡ ತೊಟ್ಟಿ, ಒಂದು ಇಸ್ತ್ರಿ ಮೇಜು, ಅದರ ಮುಂದೆ ಓಜೆಲ್ಲಾ ಟ್ರೆಡ್‌ವೇ. ಮೇಜಿನ ಮೇಲೆ ನಿನ್ನೆಯಷ್ಟೇ ಅಂಗಡಿಯಿಂದ ಬಂದ ಓವರಾಲು ಮಲಗಿದೆ: ಎದೆಗೆ ಒಂದು ತುಂಡು, ಹೆಗಲಿಗೆ ಎರಡು ಪಟ್ಟಿ, ಕೆಳಗೆ ದೊಗಲೆ ಕಾಲು. ದಕ್ಷಿಣದ ಹತ್ತಿ ಹೊಲಗಳಲ್ಲಿ ಆಳುಗಳು ತೊಡುವ ಉಡುಪು. ಗಂಜಿಯ ವಾಸನೆ ಇನ್ನೂ ಹೋಗಿಲ್ಲ. ಓಜೆಲ್ಲಾ ಕೈಯಲ್ಲಿ ಸೂಜಿಯೂ ಇಲ್ಲ, ಇಸ್ತ್ರಿ ಪೆಟ್ಟಿಗೆಯೂ ಇಲ್ಲ. ಒಂದು ಇಟ್ಟಿಗೆ ಚೂರಿದೆ. ಅದರಿಂದ ಮಂಡಿಯ ಜಾಗವನ್ನು ಗಸಗಸ ಉಜ್ಜುತ್ತಿದ್ದಾರೆ.

ಲಿಫ್ಟ್ ನಡೆಸುವ ಅಲೊಂಜೊ ಎರಡು ಲೋಟ ಕಾಫಿ ಹಿಡಿದು ಇಳಿದು ಬರುತ್ತಾರೆ.

"ಏನಕ್ಕಾ, ಇವತ್ತು ಯಾರನ್ನ ಬಡವನ್ನ ಮಾಡ್ತಿದೀಯಾ?"

"ನಿನ್ನನ್ನೇ ಮಾಡೋಣ ಅಂದ್ರೆ ನೀನು ಮೊದಲೇ ಆಗಿದ್ದೀಯಲ್ಲಪ್ಪ."

ಒಂದು ಲೋಟ ಓಜೆಲ್ಲಾಗೆ. ಇನ್ನೊಂದು ಓವರಾಲಿಗೆ. ಸಕ್ಕರೆ ಹಾಕದ ಕಾಫಿಯಲ್ಲಿ ಬೆರಳು ಅದ್ದಿ ಅದ್ದಿ ಎದೆಯ ತುಂಡಿಗೆ ಎರಚುತ್ತಾರೆ. ಒಣಗಿದ ಮೇಲೆ ಅದು ಹಳೆಯ ಬೆವರಿನ ಕಲೆಯ ಹಾಗೆಯೇ ಕೂತುಬಿಡುತ್ತದೆ. ಹೆಗಲಪಟ್ಟಿಗೆ ತಂತಿಯ ಬ್ರಷ್ಷು. ಅಂಚುಗಳಿಗೆ ಬಾಯ್ಲರಿನ ಬೂದಿ. ಕೊನೆಗೆ ಕುದಿಯುವ ನೀರಲ್ಲಿ ಒಂದು ಮುಳುಗು, ಹಗ್ಗದ ಮೇಲೆ ಒಣಗು. ಮೇಲೆ ಸ್ಟುಡಿಯೋದ ದೀಪ ಹತ್ತುವ ಹೊತ್ತಿಗೆ ಈ ಹೊಸ ಬಟ್ಟೆಗೆ ಒಂದು ಜೀವಮಾನದ ದಣಿವು ಹತ್ತಿರುತ್ತದೆ.

ಅಜ್ಜಿಯರು ಹೇಳುವ ಕತೆಯಲ್ಲಿ ಚಿಂದಿಯುಟ್ಟು ಬಂದವನು ಕೊನೆಗೆ ರಾಜನಾಗುತ್ತಾನೆ. ಓಜೆಲ್ಲಾ ಕೆಲಸ ಆ ಕತೆಯನ್ನು ಹಿಂದುಮುಂದು ಮಾಡಿದ ಹಾಗೆ. ಇಲ್ಲಿಗೆ ಗಂಡಸರು ರಾಜರ ಹಾಗೆ ಬರುತ್ತಾರೆ. ಕಿರಿದಾದ ಟೈ, ಮಡಿಸಿದ ಕರವಸ್ತ್ರ, ಮುಖ ಕಾಣುವಂತೆ ಉಜ್ಜಿದ ಬೂಟು, ಗಿಟಾರಿನ ಪೆಟ್ಟಿಗೆ. ಹೋಟೆಲು, ಪಡಖಾನೆ, ಮದುವೆಮನೆಗಳಲ್ಲಿ ನಮ್ಮ ಕಪ್ಪು ಜನರ ನೋವಿನ ಹಾಡು ಬ್ಲೂಸ್ ಹಾಡಿ ಹೆಸರು ಮಾಡಿದವರು, ಮೊದಲ ಸಲ ಟೆಲಿವಿಷನ್ನಿನಲ್ಲಿ ಕಾಣಿಸಿಕೊಳ್ಳುವ ದಿನವೆಂದು ಮನೆಮಂದಿಗೆಲ್ಲ ಹೇಳಿ ಬಂದವರು. ಓಜೆಲ್ಲಾ ಅವರಿಗೆ ಚಿಂದಿ ತೊಡಿಸಿ ಮೇಲಕ್ಕೆ ಕಳಿಸುತ್ತಾರೆ.

ಸ್ಟುಡಿಯೋದಲ್ಲಿ ಹುಲ್ಲಿನ ಪಿಂಡಿ, ಮುರಿದ ಬಂಡಿಯ ಗಾಲಿ, ಹಲಗೆಯ ಗುಡಿಸಲು, ಕಾಲಿಗೆ ದಾರ ಕಟ್ಟಿದ ಒಂದು ಕೋಳಿ. ಕಾರ್ಯಕ್ರಮದ ಯಜಮಾನ ಡಾನಿಂಗ್. ಕೆಟ್ಟ ಮನುಷ್ಯ ಎನ್ನುವ ಹಾಗಿಲ್ಲ. ಬಿಳಿಯರಲ್ಲಿ ಬ್ಲೂಸಿಗಾಗಿ ಇಷ್ಟು ಪ್ರಾಣ ಬಿಡುವವರನ್ನು ತಾನು ಕಂಡಿಲ್ಲ ಎಂದು ಓಜೆಲ್ಲಾರೇ ಹೇಳುತ್ತಾರೆ. ಹಾಡು ಕೇಳುತ್ತ ಅವರ ಕಣ್ಣಲ್ಲಿ ನೀರು ಬರುವುದುಂಟು. ಆದರೆ ಸೂಟು ಹಾಕಿದವನ ಬಾಯಲ್ಲಿ ಬರುವ ಬ್ಲೂಸು ಅವರಿಗೆ ಬ್ಲೂಸ್ ಅಲ್ಲ. ಅದು ಹೊಲದಿಂದ ಬರಬೇಕು, ಬೆವರಿಂದ ಬರಬೇಕು, ನೋಡುವವರಿಗೆ ಹರಕು ಕಾಣಬೇಕು.

ಓಜೆಲ್ಲಾ ಹುಟ್ಟಿದ್ದು ಮಿಸಿಸಿಪ್ಪಿಯ ಗ್ರೀನ್‌ವುಡ್ ಪಕ್ಕದ ಹತ್ತಿ ಸೀಮೆಯಲ್ಲಿ. ಅಪ್ಪ ಪಾಲಿಗೆ ಹೊಲ ಮಾಡುತ್ತಿದ್ದರು, ಅಮ್ಮ ಬಿಳಿಯರ ಮನೆಗಳ ಬಟ್ಟೆ ಒಗೆಯುತ್ತಿದ್ದರು. ಆ ಮನೆಯಲ್ಲಿ ಇಲ್ಲದ್ದು ಹಲವು. ಹರಕು ಬಟ್ಟೆಗೂ ಅಲ್ಲಿ ಜಾಗವಿರಲಿಲ್ಲ. ಹಿಟ್ಟಿನ ಚೀಲದ ತೇಪೆಯಾದರೂ ಸರಿ, ನೇರ ಹೊಲಿಗೆ ಬಿದ್ದು, ಗಂಜಿ ಕುಡಿದು, ಗೆರೆ ನಿಂತಿರಬೇಕು. ಶನಿವಾರ ಪೇಟೆಗೆ ಹೊರಡುವ ಅಪ್ಪನ ಓವರಾಲು ತಾನಾಗಿ ನಿಲ್ಲುವಷ್ಟು ಗಡುಸಾಗಿರುತ್ತಿತ್ತಂತೆ.

"ಗಂಡ ಹರಕು ಹಾಕ್ಕೊಂಡು ಹೋದ್ರೆ ಹೆಂಡ್ತಿ ಹೆಸರು ಹೋಗುತ್ತೆ ಅನ್ನೋಳು ನಮ್ಮಮ್ಮ," ಎನ್ನುತ್ತ ಓಜೆಲ್ಲಾ ಇಟ್ಟಿಗೆ ಚೂರನ್ನು ತಿರುಗಿಸಿ ಹಿಡಿಯುತ್ತಾರೆ. "ಬಡತನ ಇರ್ಲಿ, ಬಟ್ಟೇಲಿ ಕಾಣ್ಬಾರ್ದು. ಅಷ್ಟೇ ಅವಳು ಕಲಿಸಿದ್ದು. ಅದನ್ನೇ ಈಗ ತಲೆಕೆಳಗೆ ಮಾಡಿ ಅನ್ನ ತಿಂತಿದೀನಿ."

ಹತ್ತೊಂಬತ್ತರ ವಯಸ್ಸಿಗೆ, ಕರಿದ ಕೋಳಿ ಕಟ್ಟಿದ ಶೂ ಪೆಟ್ಟಿಗೆ ತೊಡೆಯ ಮೇಲಿಟ್ಟುಕೊಂಡು ಉತ್ತರದ ರೈಲು ಹತ್ತಿದರು. ಹೋಟೆಲುಗಳ ಲಾಂಡ್ರಿಯಲ್ಲಿ ಬೆಂದರು. ಹಬೆ ಯಂತ್ರ ಕಚ್ಚಿದ ಗುರುತು ಎಡ ಮುಂಗೈಯಲ್ಲಿ ಉದ್ದಕ್ಕಿದೆ. ಕಸಾಯಿಖಾನೆಯಲ್ಲಿ ದುಡಿಯುತ್ತಿದ್ದ ಗಂಡ ಕೆಮ್ಮಿ ಕೆಮ್ಮಿ ತೀರಿಕೊಂಡರು. ಟೆಲಿವಿಷನ್ನಿನವರು ಇವರನ್ನು ಕರೆದದ್ದು ವಾರ್ತೆ ಓದುವವರ ಅಂಗಿಗೆ ಇಸ್ತ್ರಿ ಹಾಕಲು. ಈಗಲೂ ಆ ಕೆಲಸವಿದೆ, ಹೊತ್ತೇರುವುದರೊಳಗೆ ಗೂಟದ ತುಂಬ ಬಿಳಿ ಅಂಗಿಗಳು ತೂಗಬೇಕು. ಡಾನಿಂಗ್ ಒಂದು ದಿನ ಕೆಳಗಿಳಿದು ಬಂದು ಒಂದು ಓವರಾಲನ್ನು ಮೇಜಿನ ಮೇಲೆಸೆದು, ನೀನು ಆ ಕಡೆಯವಳಲ್ಲವೇ, ನಿನಗೆ ಗೊತ್ತಿರುತ್ತದೆ, ಹಳೆಯದು ಮಾಡು ಎಂದರಂತೆ. ಓಜೆಲ್ಲಾಗೆ ಗೊತ್ತಿತ್ತು. ಹತ್ತಿ ಬಿಡಿಸುವವನ ಮಂಡಿ ಎಲ್ಲಿ ಸವೆಯುತ್ತದೆ, ಚೀಲದ ಪಟ್ಟಿ ಯಾವ ಹೆಗಲನ್ನು ತಿನ್ನುತ್ತದೆ, ಎಲ್ಲ ಅಪ್ಪನ ಬಟ್ಟೆ ತೇಪೆ ಹಾಕಿದ ಕೈಗೆ ಗೊತ್ತಿತ್ತು. ಗೊತ್ತಿದ್ದದ್ದನ್ನು ಮಾಡಿದರು. ಚೆನ್ನಾಗಿ ಬಂತು. ಅಲ್ಲಿಗೆ ಸಿಕ್ಕಿಬಿದ್ದರು.

ಊರಿಗೆ ಊರೇ ಟೆಲಿವಿಷನ್ ನೋಡುತ್ತದೆ. ನಮ್ಮವರು ಇಡೀ ವಾರ ಕಾದು ಪರದೆಯಲ್ಲಿ ಕಾಣುವುದು ತಮ್ಮಂಥ ಒಂದೆರಡು ಮುಖ, ಆ ಮುಖದ ಕೆಳಗೆ ಹರಕು. ದಕ್ಷಿಣದಿಂದ ಓಡಿಬಂದವರಿಗೆ ಅದು ಕೆನ್ನೆಗೆ ಹೊಡೆದ ಹಾಗೆ. ಬೈಯಲು ಡಾನಿಂಗ್ ಯಾರಿಗೂ ಸಿಗುವುದಿಲ್ಲ, ಓಜೆಲ್ಲಾ ಪ್ರತಿ ಭಾನುವಾರ ಚರ್ಚಿನಲ್ಲಿ ಸಿಗುತ್ತಾರೆ. ಬಿಳಿ ಸಮವಸ್ತ್ರ, ಬಿಳಿ ಕೈಗವಸು ತೊಟ್ಟು ಬಾಗಿಲಲ್ಲಿ ನಿಂತು ಬಂದವರಿಗೆ ಜಾಗ ತೋರಿಸುವುದು ಬಹಳ ವರ್ಷಗಳಿಂದ ಅವರ ಸೇವೆಯಾಗಿತ್ತು. ಅಡುಗೆಮನೆಯಲ್ಲಿ ಕೈ ಸಾಲುತ್ತಿಲ್ಲ, ನೀವು ಸ್ವಲ್ಪ ಆ ಕಡೆ ನೋಡಿಕೊಳ್ಳಿ ಎಂದು ಹಿರಿಯಮ್ಮ ಒಬ್ಬರು ಮೆಲ್ಲಗೆ ಹೇಳಿದರು. ಕೈಗವಸು ತೆಗೆದಿಟ್ಟು ಸೊಪ್ಪು ತೊಳೆಯಲು ಹೋದ ಓಜೆಲ್ಲಾ ಮತ್ತೆ ಬಾಗಿಲಿಗೆ ಬಂದಿಲ್ಲ. 'ಚಿಂದಿ ಓಜೆಲ್ಲಾ' ಎಂಬ ಹೆಸರು ಅಡುಗೆಮನೆಗೂ ಹಿಂಬಾಲಿಸಿ ಬಂತು.

ಕೆಲಸ ಬಿಡಬಹುದಿತ್ತಲ್ಲ ಎಂಬ ಪ್ರಶ್ನೆಗೆ ಅವರು ಸಿಟ್ಟಾಗುವುದಿಲ್ಲ. ಐವತ್ತು ದಾಟಿದ, ಹಬೆಗೆ ಕೀಲು ಹಿಡಿದುಕೊಂಡ ಹೆಂಗಸಿಗೆ ಮತ್ತೆ ಹೋಟೆಲಿನ ಲಾಂಡ್ರಿಯೊಂದೇ ಗತಿ. "ಅಲ್ಲಿಗೆ ಹೋದ್ರೆ ಒಂದು ಚಳಿಗಾಲ ಕಳೀತೀನಿ, ಇನ್ನೊಂದು ಕಳಿಯಲ್ಲ," ಎನ್ನುತ್ತಾರೆ, ನಾಳೆ ಮಳೆ ಬರಬಹುದು ಎಂದಷ್ಟೇ ಸಲೀಸಾಗಿ.

ಕಳೆದ ನವೆಂಬರಿನಲ್ಲಿ ಸೀಫಸ್ ಲಾಕ್‌ರಿಜ್ ಬಂದದ್ದು ಇದೇ ನೆಲಮಾಳಿಗೆಗೆ. ಅರವತ್ತು ದಾಟಿದ ಹಾಡುಗಾರ, ಹಗಲು ಉಕ್ಕಿನ ಕಾರ್ಖಾನೆಯಲ್ಲಿ ಕಸ ಗುಡಿಸಿ, ಶನಿವಾರ ನಲವತ್ತೇಳನೇ ಬೀದಿಯ ಪಡಖಾನೆಯಲ್ಲಿ ಗಿಟಾರು ಹಿಡಿಯುವವರು. ಓವರಾಲಿನ ವಿಷಯ ಅವರಿಗೆ ಯಾರೂ ಹೇಳಿರಲಿಲ್ಲ. ಈ ದಿನಕ್ಕೆಂದೇ ಅಳತೆ ಕೊಟ್ಟು ಹೊಲಿಸಿದ ಕಂದು ಬಣ್ಣದ ಸೂಟು ತೊಟ್ಟು ಬಂದಿದ್ದರು. ಸ್ವಲ್ಪ ಇಸ್ತ್ರಿ ಆಗಬೇಕಿತ್ತು ತಂಗಿ, ರೈಲಿನ ನೂಕುನುಗ್ಗಲಿನಲ್ಲಿ ಮುದುರಿಹೋಯಿತು ಎಂದು ನಾಚಿಕೊಂಡೇ ಕೇಳಿದರು.

ಓಜೆಲ್ಲಾ ಕೈಚಾಚಿದರು. ಸೂಟು ಇಸಿದುಕೊಂಡರು. ಒದ್ದೆ ಬಟ್ಟೆ ಹಾಸಿ, ತೋಳಿನ ಒಳಗೆ ಟವೆಲು ತುರುಕಿ, ಕಾಲರಿನ ಅಡಿಗೂ ಇಸ್ತ್ರಿ ಹೋಗಿಸಿ, ಮದುವಣಿಗನ ಬಟ್ಟೆಯಂತೆ ಮಾಡತೊಡಗಿದರು. ಎಷ್ಟು ನಿಧಾನ ಮಾಡಿದರೆ ಅಷ್ಟು ಹೊತ್ತು ಓವರಾಲಿನ ವಿಷಯ ಹೇಳದೆ ಇರಬಹುದು. ಸೀಫಸ್ ಕಂಬಳಿ ಹೊದ್ದು, ತಲೆಯ ಮೇಲೆ ಟೊಪ್ಪಿ ಹಾಗೇ ಇಟ್ಟುಕೊಂಡು ಸ್ಟೂಲಿನ ಮೇಲೆ ಕೂತು, ನಿಮ್ಮದು ಯಾವ ಕಡೆ ಎಂದು ಮಾತು ತೆಗೆದರು. ಗ್ರೀನ್‌ವುಡ್ ಎಂದೊಡನೆ ಸ್ಟೂಲು ಹತ್ತಿರ ಬಂತು. ಅವರದು ಹೊಳೆಯ ಆಚೆ ದಡ. ಒಂದೇ ಹತ್ತಿ ಗಿರಣಿಯ ಹೊಗೆ ಇಬ್ಬರ ಮನೆಗೂ ಬರುತ್ತಿತ್ತು. ಹದಿನೇಳರಲ್ಲಿ ರಾತ್ರೋರಾತ್ರಿ ಹೊಲ ಬಿಟ್ಟು ಓಡಿದಾಗ ಮೈಮೇಲಿದ್ದ ಓವರಾಲನ್ನು ಮೆಂಫಿಸ್ ನಿಲ್ದಾಣದ ಹಿಂದೆ ಸುಟ್ಟುಹಾಕಿದ್ದನ್ನು ಹೇಳಿ ನಕ್ಕರು. ಅಲ್ಲಿಂದೀಚೆಗೆ ಓವರಾಲು ಮುಟ್ಟಿಲ್ಲ, ಕಾರ್ಖಾನೆಗೂ ಪ್ಯಾಂಟು, ಅಂಗಿಯೇ.

ಮಾತಿನ ನಡುವೆ ಅವರ ಕಣ್ಣು ಹಗ್ಗದಲ್ಲಿ ಒಣಗುತ್ತಿದ್ದ ಓವರಾಲಿನ ಮೇಲೆ ಬಿತ್ತು. ಕಂಬಳಿ ಬಿಗಿದುಕೊಂಡು ಎದ್ದು ನಿಂತರು. ಟೊಪ್ಪಿ ತೆಗೆದರು.

"ಯಾರು ತೀರ್ಕೊಂಡ್ರು ತಂಗಿ?"

ಸತ್ತವರ ಬಟ್ಟೆಯನ್ನು ಕುದಿಸಿ, ಗಾಳಿಗೆ ಹಾಕಿ, ಆಮೇಲಷ್ಟೇ ಇನ್ನೊಬ್ಬರಿಗೆ ಕೊಡುವುದು ಅವರಿಬ್ಬರ ಸೀಮೆಯ ಪದ್ಧತಿ. ಹೊಳೆಯಾಚೆಯ ಮನುಷ್ಯ ಅದನ್ನು ಬೇರೆ ಯಾವ ರೀತಿಯಲ್ಲೂ ನೋಡಲಾರ. ಓಜೆಲ್ಲಾ ಇಸ್ತ್ರಿ ಪೆಟ್ಟಿಗೆ ಎತ್ತಿ ನಿಲ್ಲಿಸಿದರು.

"ಯಾರೂ ಇಲ್ಲ ಅಣ್ಣಾ. ನಿನ್ನೆ ಅದು ಅಂಗಡೀಲಿತ್ತು."

"ಮತ್ತೆ?"

"ನಿಮಗೇ."

ಸೀಫಸ್ ಟೊಪ್ಪಿಯನ್ನು ಸ್ಟೂಲಿನ ಮೇಲಿಟ್ಟರು. ಆಮೇಲೆ ಹೋಗಿ ಮಂಡಿಯ ಜಾಗ ಮುಟ್ಟಿದರು, ಹೆಗಲಪಟ್ಟಿಯ ಸವೆದ ಅಂಚನ್ನು ಎರಡು ಬೆರಳಲ್ಲಿ ತಿಕ್ಕಿದರು. "ನಮ್ಮಪ್ಪ ಇದನ್ನ ಇಷ್ಟು ಹಳೇದು ಮಾಡೋಕೆ ಒಂದು ಜನ್ಮ ತಗೊಂಡ," ಎಂದರು. "ನೀವು ಬೆಳಗಾಗೋದ್ರೊಳಗೆ ಮಾಡಿಬಿಟ್ರಲ್ಲ."

ಆ ಮಾತಿನಲ್ಲಿ ಚುಚ್ಚು ಇರಲಿಲ್ಲ ಎನ್ನುತ್ತಾರೆ ಓಜೆಲ್ಲಾ. ಇದ್ದಿದ್ದರೆ ತಾವೂ ಒಂದು ಮಾತು ಚುಚ್ಚಿ ಹಗುರಾಗುತ್ತಿದ್ದರಂತೆ. ಅವರು ಕೆಲಸವನ್ನು ಮೆಚ್ಚಿ ಆಡಿದ ಮಾತು ಅದು.

ಹೊತ್ತಾಯಿತೆಂದು ಡಾನಿಂಗ್ ತಾವೇ ಕೆಳಗೆ ಬಂದರು. ಸೀಫಸ್ ಇನ್ನೂ ಕಂಬಳಿಯಲ್ಲೇ ಇದ್ದರು. ನನ್ನ ಹತ್ತಿರ ಸೂಟಿದೆ ಸರ್ ಎಂದರು. ಡಾನಿಂಗ್ ಅವರ ಭುಜ ಹಿಡಿದು, ಸೂಟಿನವರು ಬೇಕಾದಷ್ಟು ಸಿಗುತ್ತಾರೆ, ಜನಕ್ಕೆ ಬೇಕಾಗಿರುವುದು ನಿಜವಾದ ನೀನು ಎಂದು ಮಗುವಿಗೆ ಹೇಳುವಂತೆ ಹೇಳಿದರು. ಸೀಫಸ್ ಮತ್ತೊಮ್ಮೆ ಅದೇ ಮಾತು ಹೇಳಿದರು: ಸೂಟಿದೆ ಸರ್. ಡಾನಿಂಗ್ ಆಗ ಓಜೆಲ್ಲಾ ಕಡೆ ತಿರುಗಿದರು.

"ನಿಮ್ಮವನೇ ತಾನೆ, ನೀನೇ ಹೇಳು. ಆಗಲ್ಲ ಅಂದ್ರೆ ಅವನ ಜಾಗಕ್ಕೂ ಜನ ಇದ್ದಾರೆ, ನಿನ್ನ ಜಾಗಕ್ಕೂ ಇದ್ದಾರೆ."

ಅವರ ಬೂಟಿನ ಸದ್ದು ಮೆಟ್ಟಿಲು ಹತ್ತಿ ಹೋದ ಮೇಲೆ ಬಾಯ್ಲರಿನ ಸದ್ದು ಮಾತ್ರ ಉಳಿಯಿತು. ಓಜೆಲ್ಲಾ ಮತ್ತೆ ಇಸ್ತ್ರಿ ಪೆಟ್ಟಿಗೆ ಹಿಡಿದರು. ಪ್ಯಾಂಟಿನ ಗೆರೆಯನ್ನು ಮತ್ತೊಂದು ಸಲ ಎಳೆದರು.

"ನಿಮ್ಮ ಜಾಗದ ಮಾತು ನಿಜವಾ?" ಸೀಫಸ್ ಕೇಳಿದರು.

"ಅದು ನನ್ನ ಚಿಂತೆ. ನೀವು ನಿಮ್ದು ನೋಡ್ಕೊಳ್ಳಿ. ಹೋಗೋದಾದ್ರೆ ಈ ಸೂಟು ತೊಟ್ಕೊಂಡು ಮುಂಬಾಗಿಲಿಂದ ಹೋಗಿ, ನಾನು ಬಂದು ಬಾಗಿಲು ತೆಗೀತೀನಿ."

ಅವರು ಹೋಗಲಿಲ್ಲ. ಓಜೆಲ್ಲಾ ಆ ಕಡೆ ತಿರುಗಿ ನಿಂತರು; ಬೆನ್ನ ಹಿಂದೆ ಕೊಕ್ಕೆ ಹಾಕಿಕೊಳ್ಳುವ ಸದ್ದು ಕೇಳಿತು. ನಲವತ್ತೈದು ವರ್ಷವಾದರೂ ಆ ಕೈಗಳು ಕೊಕ್ಕೆಯನ್ನು ಹುಡುಕಾಡಲಿಲ್ಲವಂತೆ. ತಿರುಗಿ ನೋಡಿದಾಗ ತನ್ನ ಅಪ್ಪ ನಿಂತ ಹಾಗಿತ್ತು. "ಅಪ್ಪ ಬಂದ ಅಂತ ಸಂತೋಷ ಆಗ್ಬೇಕಲ್ವಾ," ಎನ್ನುತ್ತಾರೆ ಓಜೆಲ್ಲಾ. "ನಾನು ಮುಖ ತಿರುಗಿಸ್ಕೊಂಡು ಸೂಟನ್ನ ಹ್ಯಾಂಗರಿಗೆ ಹಾಕ್ದೆ."

ಹೊರಡುವ ಮುಂಚೆ ಸೀಫಸ್ ಒಂದೇ ಒಂದು ಕೇಳಿಕೊಂಡರು. ಸೂಟನ್ನು ಈ ನೆಲಮಾಳಿಗೆಯಲ್ಲಿ ಬಿಟ್ಟು ಬರುವುದಿಲ್ಲ.

"ನೀವು ಹಿಡ್ಕೊಂಡು ಬನ್ನಿ. ನನಗೆ ಕಾಣೋ ಕಡೆ ನಿಂತ್ಕೊಳ್ಳಿ. ಕೆಳಗೆ ಇಳಿಸ್ಬೇಡಿ."

ಇಸ್ತ್ರಿಯವರು ಸ್ಟುಡಿಯೋಗೆ ಹೋಗುವ ಹಾಗಿಲ್ಲ. ಅಲೊಂಜೊ ಲಿಫ್ಟಿನಲ್ಲಿ ಹತ್ತಿಸಿಕೊಂಡು ಹೋಗಿ ಹಿಂದಿನ ಬಾಗಿಲಿಂದ ಬಿಟ್ಟರು. ಎರಡು ಕ್ಯಾಮೆರಾಗಳ ನಡುವಿನ ಕತ್ತಲಲ್ಲಿ, ದೀಪದ ಕಂಬಕ್ಕೆ ಒರಗಿ ಓಜೆಲ್ಲಾ ನಿಂತರು. ಹ್ಯಾಂಗರಿನಲ್ಲಿ ತೂಗುವ ಕಂದು ಸೂಟನ್ನು ಹೆಗಲಿಗಿಂತ ಮೇಲೆ ಎತ್ತಿ ಹಿಡಿದರು. ಹುಲ್ಲಿನ ಪಿಂಡಿಯ ಮೇಲೆ ಕೂತ ಸೀಫಸ್ ಒಮ್ಮೆ ಕತ್ತಲೊಳಗೆ ಹುಡುಕಿದರು. ಸಿಕ್ಕಿತು. ಆಮೇಲೆ ಗಿಟಾರಿಗೆ ಕೈ ಹಾಕಿದರು.

*ಊರು ಬಿಟ್ಟೆ ತಾಯೇ, ನಾಯಿಗೂ ಹೇಳಲಿಲ್ಲ,*
*ಊರು ಬಿಟ್ಟೆ ತಾಯೇ, ನಾಯಿಗೂ ಹೇಳಲಿಲ್ಲ,*
*ಬಾಗಿಲು ಹಾಕಿ ಬರೋಣವೆಂದರೆ ಬಾಗಿಲೇ ಇರಲಿಲ್ಲ.*

ಇಡೀ ಹಾಡಿನಲ್ಲಿ ಅವರು ಕ್ಯಾಮೆರಾ ನೋಡಲಿಲ್ಲ, ಕೋಳಿ ನೋಡಲಿಲ್ಲ, ತನ್ನ ಬೆರಳನ್ನೂ ನೋಡಲಿಲ್ಲ. ಕಣ್ಣು ರೆಪ್ಪೆ ಬಡಿಯದೆ ಕತ್ತಲಲ್ಲಿ ಒಂದೇ ಕಡೆ ನೆಟ್ಟಿತ್ತು. ಓಜೆಲ್ಲಾ ಕೈ ಮೊದಲು ನೋಯಿತು, ಆಮೇಲೆ ಜೋಮು ಹಿಡಿಯಿತು, ಕೊನೆಗೆ ಕೈಯೇ ಇಲ್ಲದಂತಾಯಿತು. ಹಾಡು ಏನೆಂದು ಅವರಿಗೆ ತಲೆಗೆ ಹೋಗಲಿಲ್ಲ. ಇಳಿಸಬಾರದು ಎನ್ನುವುದೊಂದೇ ಗೊತ್ತಿತ್ತು. ಬೆಳಕಿನಾಚೆ ಡಾನಿಂಗ್ ಪಕ್ಕದವರ ತೋಳು ಹಿಡಿದು ಪಿಸುಗುಟ್ಟುತ್ತಿದ್ದರು: "ನೋಡು ಅವನ ಕಣ್ಣು. ಅವನಿಗೆ ಹೊಲ ಕಾಣ್ತಾ ಇದೆ."

ಪ್ರಸಾರವಾದ ಶನಿವಾರ ಓಜೆಲ್ಲಾ ನಲವತ್ತೇಳನೇ ಬೀದಿಯ ಕರಿದ ಕೋಳಿ ಮಾರುವ ಅಂಗಡಿಯ ಮೂಲೆಯಲ್ಲಿ ನಿಂತು ಅಲ್ಲಿನ ಟೆಲಿವಿಷನ್ನಿನಲ್ಲಿ ನೋಡಿದರು. ಪರದೆಯ ತುಂಬ ಸೀಫಸರ ಮುಖ, ಆ ಕಣ್ಣು. ಅಂಗಡಿಯಲ್ಲಿ ಎಣ್ಣೆಯ ಚುರುಗುಟ್ಟುವಿಕೆ ಬಿಟ್ಟರೆ ಸದ್ದಿಲ್ಲ. ಕ್ಯಾಮೆರಾ ಹಿಂದಕ್ಕೆ ಸರಿದು ಓವರಾಲು ಕಂಡಿತು. ಚರ್ಚಿನ ಹೆಂಗಸೊಬ್ಬರು ಹಿಂದೆ ತಿರುಗದೆಯೇ, ನಮ್ಮ ಓಜೆಲ್ಲಾ ಇನ್ನೊಬ್ಬನನ್ನು ತಯಾರು ಮಾಡಿದಳು ಎಂದರು. ಯಾರೋ ನಕ್ಕರು. ಮರುವಾರ ಬಿಳಿಯರ ಒಂದು ದೊಡ್ಡ ಪತ್ರಿಕೆ, ಆ ಮುದುಕನ ಕಣ್ಣಲ್ಲಿ ಮಿಸಿಸಿಪ್ಪಿಯ ಹೊಲಗಳೆಲ್ಲ ಹಾಸಿಕೊಂಡಿದ್ದವು ಎಂದು ಬರೆಯಿತು.

ಸೀಫಸರನ್ನು ಟೆಲಿವಿಷನ್ನಿನವರು ಮತ್ತೆ ಕರೆದಿಲ್ಲ. ಕಾರ್ಖಾನೆಯ ಗೇಟಿನಲ್ಲಿ ಅವರಿಗೆ ಈಗ 'ಹತ್ತಿ' ಎಂದು ಹೆಸರು. ಪಡಖಾನೆಯಲ್ಲಿ ಸೂಟು ತೊಟ್ಟು ಕೂತರೂ ಹಿಂದಿನಿಂದ ಕೋಳಿಯಂತೆ ಕೂಗುವವರಿದ್ದರು. ಚಳಿ ಹೆಚ್ಚಾದ ಮೇಲೆ ಅವರು ಅಲ್ಲಿಗೂ ಹೋಗುವುದು ಬಿಟ್ಟರು. ಗಿಟಾರು ಮಾರಿಲ್ಲ, ಮುಟ್ಟುವುದೂ ಇಲ್ಲ ಎಂದು ಬಲ್ಲವರು ಹೇಳುತ್ತಾರೆ. ಅವರು ಆ ದಿನ ಎಲ್ಲಿ ನೋಡುತ್ತಿದ್ದರೆಂದು ಓಜೆಲ್ಲಾ ಈವರೆಗೆ ಯಾರಿಗೂ ಬಾಯಿಬಿಟ್ಟಿರಲಿಲ್ಲ. ಹೇಳಿದ್ದರೆ ಚರ್ಚಿನ ಬಾಗಿಲು ಮತ್ತೆ ಸಿಗುತ್ತಿತ್ತೋ ಏನೋ. ಆದರೆ ಅದು ಅವರ ಕಣ್ಣು, ತನ್ನ ಮಾತಲ್ಲ ಎಂದು ಸುಮ್ಮನಿದ್ದರು. ಕಳೆದ ವಾರ ಸೀಫಸರೇ ಹೇಳಿಕಳಿಸಿದರು: ಪತ್ರಿಕೆಯವರು ಕೇಳಿದರೆ ಹೇಳಿಬಿಡಿ, ನಾನು ಹೊಲ ನೋಡುತ್ತಿರಲಿಲ್ಲ ಎನ್ನುವುದಾದರೂ ಜನಕ್ಕೆ ತಿಳಿಯಲಿ.

ಇದೆಲ್ಲ ಅಚ್ಚಾದರೆ ಡಾನಿಂಗ್ ನೋಡಿ ಕೆಲಸಕ್ಕೆ ಕುತ್ತು ಬಂದೀತಲ್ಲ ಎಂದರೆ ಓಜೆಲ್ಲಾ ಮೊದಲ ಸಲ ನಗುತ್ತಾರೆ. "ಬರ್ಕೊಳ್ಳಿ. ಮೇಲಿನ ಮಹಡಿಯವ್ರು ನಮ್ಮ ಕೇರಿ ಪೇಪರ್ ಯಾವಾಗ ಓದಿದ್ರು?"

ಬೆಳಕು ಮೂಡಿದೆ. ಇವತ್ತಿನ ಹಾಡುಗಾರ ಮೆಟ್ಟಿಲಿಳಿದು ಬಂದಾಗಿದೆ. ಬೂದು ಬಣ್ಣದ ಸೂಟು, ಜೇಬಿನಲ್ಲಿ ಕೆಂಪು ಕರವಸ್ತ್ರ. ಇವರಿಗೆ ಓಜೆಲ್ಲಾ ಮುಚ್ಚಿಡುವುದಿಲ್ಲ. ಬಂದವರನ್ನು ಕೂರಿಸಿ, ಮೇಲೆ ಏನಾಗುತ್ತದೆಂದು ಮೊದಲೇ ಹೇಳಿ, ಆಮೇಲೆ ಸೂಟು ಇಸಿದುಕೊಂಡು ಇಸ್ತ್ರಿಗೆ ನಿಲ್ಲುತ್ತಾರೆ. ಸೀಫಸರ ಸುದ್ದಿ ಹಾಡುವವರ ನಡುವೆ ಹೇಗೋ ಹರಡಿದೆ. ಕಳೆದ ಕೆಲವು ತಿಂಗಳಿಂದ ಬಂದವರೆಲ್ಲ ಬಾಯಿಬಿಟ್ಟು ಕೇಳದಿದ್ದರೂ, ಬಿಚ್ಚಿದ ಸೂಟನ್ನು ಗೂಟಕ್ಕೆ ಹಾಕದೆ ಓಜೆಲ್ಲಾರ ಕೈಗೇ ಕೊಡುತ್ತಾರೆ. ಓಜೆಲ್ಲಾ ಹತ್ತಿ ಹೋಗುತ್ತಾರೆ, ಕತ್ತಲಲ್ಲಿ ನಿಲ್ಲುತ್ತಾರೆ, ಎತ್ತಿ ಹಿಡಿಯುತ್ತಾರೆ. ಹೊರಗಿನ ಜನ ಮಾತ್ರ, ಈಚೆಗೆ ಬ್ಲೂಸಿನವರೆಲ್ಲ ಎಷ್ಟು ದೂರ ನೋಡುತ್ತ ಹಾಡುತ್ತಾರೆ ಎಂದು ಬೆರಗಾಗುತ್ತಾರೆ.

ಏನಾದರೂ ಆಸೆ ಉಂಟೇ ಎಂದರೆ ಓಜೆಲ್ಲಾ ಬೂದು ಸೂಟಿನ ಮೇಲೆ ನೀರು ಚಿಮುಕಿಸುತ್ತಾರೆ. ಕಾದ ಇಸ್ತ್ರಿ ಪೆಟ್ಟಿಗೆ ಬಟ್ಟೆಯ ಮೇಲೆ ಕೂತು ಹಬೆ ಏಳುತ್ತದೆ.

"ಇಷ್ಟು ಜನರ ಜೊತೆ ನಿಂತೆ, ಒಬ್ಬರ ಹಾಡೂ ಸರಿಯಾಗಿ ಕೇಳ್ಲಿಲ್ಲ. ಕೈ ಮೇಲೇ ಧ್ಯಾನ," ಎನ್ನುತ್ತಾರೆ. "ಒಂದೇ ಒಂದು ಸಲ, ಅಲ್ಲಿ ಖಾಲಿ ಕೈಲಿ ನಿಂತ್ಕೊಂಡು ಹಾಡು ಕೇಳ್ಬೇಕು."